ಓಲೆ ಮೊದಲು, ಲೋಕ ಆಮೇಲೆ

ಕೇಳುಗರಿಗೆ ನಮಸ್ಕಾರ. ಕಥೆ ಬರೆಯುವವರು ಈಗ ಕೇಳುತ್ತಿದ್ದೀರಿ ಎಂದುಕೊಂಡೇ ಮಾತಾಡುತ್ತೇನೆ. ಸಮಾನಾಂತರ ವಿಶ್ವಗಳನ್ನೆಲ್ಲ ಪಟ್ಟಿ ಮಾಡಿದ ಪ್ರಾಚೀನ ತಾಳೆಯೋಲೆ ಗ್ರಂಥವೊಂದು ಸಿಕ್ಕಿತು ಎಂದು ನಿಮ್ಮ ಕಥೆ ಶುರುವಾಗುತ್ತದೆ. ಸೊಗಸಾದ ಕಲ್ಪನೆ. ಆದರೆ ಎರಡನೆಯ ಪುಟಕ್ಕೇ ನಾಯಕ ಧೂಳು ಕೊಡವಿ, ಗ್ರಂಥ ತೆರೆದು, ಗಡಗಡನೆ ಓದಿಬಿಡುತ್ತಾನೆ. ದಯವಿಟ್ಟು ಹಾಗೆ ಮಾಡಬೇಡಿ. ಓಲೆ ಮೊದಲು, ಲೋಕ ಆಮೇಲೆ. ಇವತ್ತು ನಾನು ಹೇಳುವುದು ಇದೊಂದೇ ಮಾತು.

ಯಾವ ಓಲೆ? ಶ್ರೀತಾಳೆಯ ಗರಿ ಅಗಲ, ತೆಳು, ಬಾಗುತ್ತದೆ. ಸಾಧಾರಣ ತಾಳೆಯದು ದಪ್ಪ, ಕಿರಿದು, ಬೇಗ ಸೆಟೆದುಕೊಳ್ಳುತ್ತದೆ. ಎಳೆಯ ಗರಿ ಕೊಯ್ದು, ನಡುವಿನ ಕಡ್ಡಿ ತೆಗೆದು, ಅರಿಸಿನದ ನೀರಿನಲ್ಲಿ ಬೇಯಿಸಿ, ನೆರಳಲ್ಲಿ ಒಣಗಿಸಿ, ಉಜ್ಜಿ ನುಣುಪು ಮಾಡಬೇಕು. ಆಮೇಲೆ ದಾರಕ್ಕೆ ತೂತು. ಕಂಟ ಎಂಬ ಕಬ್ಬಿಣದ ಚೂಪು ಕಡ್ಡಿಯಿಂದ ಅಕ್ಷರ ಕೊರೆಯುತ್ತಾರೆ. ಕೊರೆದಾಗ ಅದು ಬರೀ ಗೀರು, ಕಣ್ಣಿಗೆ ಸರಿಯಾಗಿ ಕಾಣುವುದೂ ಇಲ್ಲ. ದೀಪದ ಮಸಿಯನ್ನು ಎಣ್ಣೆಯಲ್ಲಿ ಕಲಸಿ ಬಳಿದು ಒರೆಸಿದ ಮೇಲೆ ಮಸಿ ಗೀರಿನಲ್ಲಿ ಮಾತ್ರ ನಿಂತು ಅಕ್ಷರ ಮೂಡುತ್ತದೆ. ಕಾಲ ಕಳೆದಂತೆ ಆ ಮಸಿ ಉದುರಿಹೋಗುತ್ತದೆ. ಹಾಗಾಗಿ ನಿಮ್ಮ ನಾಯಕ ಮೊದಲು ಮೆತ್ತನೆಯ ಕುಂಚದಿಂದ ಧೂಳು ತೆಗೆಯಲಿ, ನಿಂಬೆಹುಲ್ಲಿನ ಎಣ್ಣೆ ಸವರಿ ಓಲೆಗೆ ಹದ ಬರಿಸಲಿ, ಮತ್ತೆ ಮಸಿ ಬಳಿಯಲಿ. ಕೊರೆಯದೆ ಲೇಖನಿಯಲ್ಲಿ ಶಾಯಿಯಿಂದ ಬರೆದ ಓಲೆಯಾದರೆ ಎಣ್ಣೆ ಮುಟ್ಟಿಸಕೂಡದು, ಬರಹವೇ ಅಳಿಸಿಹೋದೀತು.

ಈಗ ಲೆಕ್ಕ. ಓಲೆಯ ಒಂದು ಮಗ್ಗುಲಿಗೆ 7 ಸಾಲು, ಸಾಲಿಗೆ 60 ಅಕ್ಷರ ಎನ್ನಿ. ಎರಡೂ ಮಗ್ಗುಲು ಸೇರಿ 840. ಅನುಷ್ಟುಪ್ ಶ್ಲೋಕಕ್ಕೆ 32 ಅಕ್ಷರ, ಅಂದರೆ ಓಲೆಗೆ 26 ಶ್ಲೋಕ. ಒಂದೊಂದು ವಿಶ್ವಕ್ಕೆ 4 ಶ್ಲೋಕ ಕೊಟ್ಟರೆ, 150 ಓಲೆಯ ಕಟ್ಟಿನಲ್ಲಿ 975 ವಿಶ್ವ. ಸಾವಿರವೂ ಆಗಲಿಲ್ಲ! ಅನಂತಕೋಟಿ ಬ್ರಹ್ಮಾಂಡ ಎನ್ನುವುದು ಸುಲಭ. ಯಾವುದನ್ನು ಬರೆಯಬೇಕು, ಯಾವುದನ್ನು ಬಿಡಬೇಕು ಎಂಬ ಸಂಕಟ ಗ್ರಂಥಕರ್ತನಿಗೆ ಬರುವುದು ಓಲೆಯ ಅಳತೆಯಿಂದ.

ಇನ್ನು ವಯಸ್ಸು. ನಮ್ಮ ತೇವದ ಹವೆಯಲ್ಲಿ, ಹುಳುಗಳ ನಡುವೆ, ಓಲೆ ಕೆಲವು ಶತಮಾನ ಬಾಳಿದರೆ ಹೆಚ್ಚು. ಮೂಡಬಿದಿರೆಯಲ್ಲಿರುವ ಧವಲಾ ಎಂಬ ಜೈನ ಗ್ರಂಥದ ಓಲೆಗಳಂತೆ 12ನೆಯ ಶತಮಾನದವು ಉಳಿದಿರುವುದು ಅಪರೂಪ. ಎರಡು ಸಾವಿರ ವರ್ಷದ ಗ್ರಂಥ ಬೇಕಾದರೆ ಅದು ಪ್ರತಿಯ ಪ್ರತಿಯ ಪ್ರತಿ. ಪ್ರತಿ ಎಂದ ಮೇಲೆ ತಪ್ಪು ಇದ್ದೇ ಇರುತ್ತದೆ. ಪಟ್ಟಿಯ ಒಂದೊಂದು ನಮೂದೂ ‘ಇನ್ನೊಂದು ಬ್ರಹ್ಮಾಂಡದಲ್ಲಿ’ ಎಂದೇ ಶುರುವಾದರೆ ಲಿಪಿಕಾರನ ಕಣ್ಣು ಒಂದರಿಂದ ಮುಂದಿನದಕ್ಕೆ ಜಾರುತ್ತದೆ. ನಡುವಿನ ವಿಶ್ವ ಇಡಿಯಾಗಿ ಮಾಯ! ಇದಕ್ಕಿಂತ ಒಳ್ಳೆಯ ಕಥಾವಸ್ತು ಬೇಕೆ?

ಓಲೆ ಮೊದಲು ಎಂದು ಯಾಕೆ ಇಷ್ಟು ಹಟ ಹಿಡಿಯುತ್ತೇನೆ ಎಂಬುದಕ್ಕೆ ವಿನ್ಲ್ಯಾಂಡ್ ನಕ್ಷೆಯ ಕಥೆ ಕೇಳಿ. ಅದು ಓಲೆಯಲ್ಲ, ಚರ್ಮದ ಹಾಳೆ. ಕೊಲಂಬಸನಿಗಿಂತ ಹಿಂದೆಯೇ ಯೂರೋಪಿನವರು ಅಮೆರಿಕದ ತೀರವನ್ನು ಬರೆದಿಟ್ಟಿದ್ದರು ಎಂದು 1965ರಲ್ಲಿ ಯೇಲ್ ವಿಶ್ವವಿದ್ಯಾಲಯ ಅದನ್ನು ಪ್ರಕಟಿಸಿತು. ನಕ್ಷೆಯ ಜೊತೆ ಎರಡು ಹಳೆಯ ಹಸ್ತಪ್ರತಿಗಳಿದ್ದವು. ಹುಳು ಕೊರೆದ ತೂತುಗಳನ್ನು ಹೊಂದಿಸಿ ನೋಡಿದರು. ನಕ್ಷೆ ಮುಂದೆ, ಒಂದು ಹಸ್ತಪ್ರತಿ ನಡುವೆ, ಇನ್ನೊಂದು ಕೊನೆಗೆ ಇಟ್ಟರೆ ತೂತಿಗೆ ತೂತು ಕೂಡಿತು. ಮೂರೂ ಒಮ್ಮೆ ಒಂದೇ ರಟ್ಟಿನೊಳಗಿದ್ದವು! ಚರ್ಮವೂ 15ನೆಯ ಶತಮಾನದ್ದೇ ಎಂದು ಇಂಗಾಲದ ಪರೀಕ್ಷೆ ಹೇಳಿತು. ಇನ್ನೇನು ಬೇಕು? ಶಾಯಿ ಬೇಕು. ಶಾಯಿಯ ಗೆರೆಗಳಲ್ಲಿ ಟೈಟೇನಿಯಂ ಸಿಕ್ಕಿತು. ಟೈಟೇನಿಯಂ ಬಣ್ಣ ತಯಾರಾದದ್ದೇ 20ನೆಯ ಶತಮಾನದಲ್ಲಿ. ನಕಲಿ ಎಂದು 2021ರಲ್ಲಿ ಯೇಲ್ ತಾನೇ ಹೇಳಿತು. ಹಾಳೆ ಹಳೆಯದು, ತೂತು ನಿಜ, ಬರಹ ಮಾತ್ರ ನಿನ್ನೆಯದು.

ನಿಮ್ಮ ಓಲೆಕಟ್ಟಿನಲ್ಲೂ ಹುಳು ಒಂದರ ಮೇಲೊಂದು ಓಲೆಯನ್ನು ಕೊರೆದು ಹೋಗಿರುತ್ತದೆ. ದಾರ ತುಂಡಾಗಿ ಓಲೆ ಚೆಲ್ಲಾಪಿಲ್ಲಿಯಾದರೆ ತೂತು ನೋಡಿ ಜೋಡಿಸಬಹುದು. 61ರಲ್ಲೂ 63ರಲ್ಲೂ ತೂತಿದ್ದು 62ನೆಯದು ಮಾತ್ರ ನುಣ್ಣಗಿದ್ದರೆ ಆ ಓಲೆಯ ವಿಶ್ವಗಳನ್ನು ಯಾರೋ ಆಮೇಲೆ ಸೇರಿಸಿರಬೇಕು. ಲೋಕಗಳ ವರ್ಣನೆ ಓದಿ ಇದನ್ನು ಕಂಡುಹಿಡಿಯಲಾಗದು. ಓಲೆ ನೋಡಬೇಕು.

ಸಮಯ ಸಾಲದು, ಕಾಲಸೂಚನೆಯ ಬಗ್ಗೆ ಬೇಗ ಹೇಳಿಬಿಡುತ್ತೇನೆ. ಲಿಪಿಕಾರ ಕೊನೆಯ ಓಲೆಯಲ್ಲಿ ಕಾಲ ಬರೆಯುತ್ತಾನೆ. ಬರೀ ‘ಬಹುಧಾನ್ಯ ಸಂವತ್ಸರ’ ಎಂದರೆ ಸಾಲದು, ಅದು 60 ವರ್ಷಕ್ಕೊಮ್ಮೆ ಬರುತ್ತದೆ: 1638, 1698, 1758. ಜೊತೆಗೆ ಶಕವರ್ಷ ಬೇಕು. ಪದ್ಯದಲ್ಲಾದರೆ ಅಂಕಿಗೆ ಬದಲು ಪದಗಳನ್ನಿಟ್ಟು ‘ಗಗನ ರಸ ಬಾಣ ಶಶಿ’ ಎನ್ನಿಸಿ. ಸೊನ್ನೆ, ಆರು, ಐದು, ಒಂದು; ಹಿಂದಿನಿಂದ ಓದಿದರೆ ಶಕ 1560, ಅಂದರೆ 1638. ಕಾಲದ ಗೊಂದಲವೇ ಕಥೆಗೆ ಬೇಕಿದ್ದರೆ ಶಕವರ್ಷವಿರುವ ಅಂಚನ್ನಷ್ಟೇ ಮುರಿದುಬಿಡಿ, ಸಂವತ್ಸರ ಉಳಿಯಲಿ. ನಮಸ್ಕಾರ.