ಬಣ್ಣ ತೆಗೆದ ಮಾತ್ರಕ್ಕೆ ಬ್ಲ್ಯಾಕ್ ಅಂಡ್ ವೈಟ್ ಆಗುವುದಿಲ್ಲ

ಯಾರದ್ದೋ ಮುಖದ ಫೋಟೊದಲ್ಲಿ ಬಣ್ಣ ಕೆಟ್ಟು ಕೂತಿದೆ. ಆಗ ನಾವು ಮಾಡುವುದೇನು? ಬಣ್ಣದ ತೀವ್ರತೆ ಏರಿಸಿ ಇಳಿಸುವ ಸ್ಯಾಚುರೇಶನ್ ಸ್ಲೈಡರ್ ಹಿಡಿದು ಪೂರ್ತಿ ಎಡಕ್ಕೆ ಎಳೆದು, 'ಆಹಾ, ಕ್ಲಾಸಿಕ್' ಅಂತ ಪೋಸ್ಟ್ ಹಾಕಿಬಿಡುತ್ತೇವೆ. ನಾನೂ ಬಹಳ ದಿನ ಇದನ್ನೇ ಮಾಡಿದವನು, ಹಾಗಾಗಿ ಬೈಯುವ ಹಕ್ಕಿದೆ.

ಕೆಂಪು ಅಂಗಿ, ಹಸಿರು ಗೋಡೆ ಕಣ್ಣಿಗೆ ಎಷ್ಟೇ ಬೇರೆ ಕಂಡರೂ, ಎರಡರ ಹೊಳಪು ಒಂದೇ ಇದ್ದರೆ ಬಣ್ಣ ಹೋದ ಮೇಲೆ ಎರಡೂ ಒಂದೇ ಬೂದು. ಆಮೇಲೆ ಮುಖವನ್ನು ಬಿಡಿಸಿ ತೋರಿಸುವುದು ಬೆಳಕು ಮಾತ್ರ, ಅಲ್ವಾ?

ಒಂದೇ ದೀಪ ಸಾಕು, ಕಿಟಕಿಯಾದರೂ ಆದೀತು. ಎದುರಿಗೇ ಇಟ್ಟರೆ ಮೂಗು, ಕೆನ್ನೆ ಎಲ್ಲ ಚಪ್ಪಟೆ. ಸುಮಾರು 45 ಡಿಗ್ರಿ ಪಕ್ಕಕ್ಕೆ, ಕಣ್ಣಿಗಿಂತ ಮೇಲಕ್ಕೆ ಸರಿಸಿ ನೋಡಿ. ಮೂಗಿನ ನೆರಳು ಕೆನ್ನೆಯ ನೆರಳಿಗೆ ಹೋಗಿ ಸೇರಿ, ಕತ್ತಲ ಕಡೆಯ ಕಣ್ಣಿನ ಕೆಳಗೆ ಬೆಳಕಿನ ಪುಟ್ಟ ತ್ರಿಕೋನ ಉಳಿಯುತ್ತದೆ. ರೆಂಬ್ರಾಂಟ್ ಲೈಟಿಂಗ್ ಅನ್ನುವುದು ಇದಕ್ಕೇ, 17ನೇ ಶತಮಾನದ ಆ ಡಚ್ ಚಿತ್ರಕಾರನ ಹೆಸರಲ್ಲಿ. ನೆರಳು ಇನ್ನೂ ಗಾಢ ಬೇಕಾ? ಸುಮ್ನೆ ದುಡ್ಡು ಸುರಿಯಬೇಡಿ. ನೆರಳಿನ ಕಡೆ ಒಂದು ಕಪ್ಪು ಬಟ್ಟೆ ಹಿಡಿಯಿರಿ, ಗೋಡೆಗೆ ತಾಗಿ ವಾಪಸ್ ಬರುವ ಬೆಳಕನ್ನು ಅದು ನುಂಗಿಬಿಡುತ್ತದೆ.

ಕ್ಯಾಮೆರಾವನ್ನು ಮಾನೋಕ್ರೋಮ್‌ಗೆ ಹಾಕಿ, ಆದರೆ ಸೆನ್ಸರ್ ಹಿಡಿದದ್ದನ್ನೆಲ್ಲ ಹಾಗೇ ಉಳಿಸುವ ರಾ ಫೈಲ್‌ನಲ್ಲೇ ತೆಗೆಯಿರಿ. ಪರದೆಯ ಮೇಲೆ ಬಣ್ಣ ಕಾಣುವುದಿಲ್ಲ, ಫೈಲ್‌ನಲ್ಲಿ ಇರುತ್ತದೆ. ಎಡಿಟಿಂಗ್‌ಗೆ ಆ ಬಣ್ಣ ಬೇಕೇ ಬೇಕು.

ಯಾಕಂದ್ರೆ ಅಸಲಿ ಆಟ, ಯಾವ ಬಣ್ಣ ತಿಳಿ ಬೂದು, ಯಾವುದು ಗಾಢ ಬೂದು ಆಗಬೇಕು ಅಂತ ಹೇಳುವ ಬ್ಲ್ಯಾಕ್ ಅಂಡ್ ವೈಟ್ ಮಿಕ್ಸರ್‌ನಲ್ಲಿದೆ. ಯಾರ ಚರ್ಮವಾದರೂ ಅದರಲ್ಲಿ ಕೆಂಪು, ಕಿತ್ತಳೆಯೇ ಜಾಸ್ತಿ. ಕಿತ್ತಳೆ ಏರಿಸಿದರೆ ಮುಖ ಬೆಳಗುತ್ತದೆ, ಕಲೆಗಳು ಮಾಸುತ್ತವೆ. ಇಳಿಸಿದರೆ ಒಂದೊಂದು ಮಚ್ಚೆಯೂ ಎದ್ದು ಕಾಣುತ್ತದೆ. ಕೆಂಪನ್ನು ಅತಿಯಾಗಿ ಏರಿಸಿದರೆ ಮಾತ್ರ ತುಟಿಯೇ ಮಾಯ! ಹಳೇ ಆರ್ಥೋಕ್ರೋಮ್ಯಾಟಿಕ್ ಫಿಲ್ಮ್‌ನಲ್ಲಿ ಇದರ ಉಲ್ಟಾ: ಅದಕ್ಕೆ ಕೆಂಪು ಕಾಣುತ್ತಲೇ ಇರಲಿಲ್ಲ, ಹಾಗಾಗಿ ತುಟಿ ಕಪ್ಪಗೆ ಬರುತ್ತಿತ್ತು.

ಆಮೇಲೆ ಡಾಡ್ಜ್ ಅಂಡ್ ಬರ್ನ್, ಅಂದರೆ ಬೇಕಾದ ಜಾಗವನ್ನಷ್ಟೇ ಬ್ರಷ್ ಹಿಡಿದು ಬೆಳಗಿಸುವುದು, ಕಪ್ಪಾಗಿಸುವುದು. ಫೋಟೊದ ಮೇಲೆ 50% ಬೂದು ತುಂಬಿದ ಲೇಯರ್ (ಪದರ), ಬೂದು ಕಾಣದೆ ಬಳಿದ ಬಿಳಿ, ಕಪ್ಪು ಮಾತ್ರ ಕೆಲಸ ಮಾಡುವ ಸಾಫ್ಟ್ ಲೈಟ್ ಮೋಡ್, ಬ್ರಷ್‌ನ ಫ್ಲೋ (ಒಂದು ಸಲಕ್ಕೆ ಬಳಿಯುವ ಬಣ್ಣದ ಪ್ರಮಾಣ) 5%ರ ಆಸುಪಾಸು. ಇರುವ ಬೆಳಕನ್ನೇ ತುಸು ಹೆಚ್ಚಿಸಿ, ಇರುವ ನೆರಳನ್ನೇ ತುಸು ಗಾಢ ಮಾಡಿ, ಅಷ್ಟೆ.

ಇನ್ನು ವಯಸ್ಸಾದವರ ಮುಖ ಸಿಕ್ಕರೆ ಸಾಕು, ಅಂಚು, ಗೆರೆಗಳನ್ನು ಗಡುಸಾಗಿಸುವ ಕ್ಲಾರಿಟಿ ಸ್ಲೈಡರನ್ನು 100ಕ್ಕೆ ಎಳೆಯುವ ಚಾಳಿ. ಅದು ಸುಕ್ಕನ್ನು ತೋರಿಸುವುದಿಲ್ಲ ಸ್ವಾಮಿ, ಕೊಳೆ ಮೆತ್ತಿದ ಹಾಗೆ ಮಾಡುತ್ತದೆ. ಹಾಗೇ, ಕಷ್ಟಪಟ್ಟು ತಂದ ನೆರಳನ್ನು ಶ್ಯಾಡೋಸ್ ಸ್ಲೈಡರ್ ಏರಿಸಿ ತೊಳೆದುಬಿಡಬೇಡಿ. ಒಂದು ಕಿವಿ ಕತ್ತಲಲ್ಲಿ ಮುಳುಗಿತಾ? ಮುಳುಗಲಿ ಬಿಡಿ.