ನೀರು ಇಳಿದ ಮೇಲಿನ ಚಿತ್ರ

ಕೇಳುಗರಿಗೆ ನಮಸ್ಕಾರ.

ನೆಲೆ ತಪ್ಪಿದವರ ಬದುಕನ್ನು ಕುರಿತು ಕಾವ್ಯಮಯವಾದ ಕಿರುಚಿತ್ರ ತೆಗೆಯಬೇಕೆಂಬ ಹಂಬಲವುಳ್ಳ ತರುಣರು ಹುಬ್ಬಳ್ಳಿ, ಧಾರವಾಡಗಳಲ್ಲಿ ಇದ್ದಾರೆ. ಅವರ ಮನಸ್ಸು ಮೊದಲು ಓಡುವುದು ಉಕ್ಕುವ ಹೊಳೆ, ಮುಳುಗಿದ ಗುಡಿ, ದೋಣಿಯಲ್ಲಿ ಕುಳಿತ ಮುದುಕಿಯ ಕಡೆಗೆ. ನನ್ನನ್ನು ಕೇಳಿದರೆ, ಚಿತ್ರ ಶುರುವಾಗಬೇಕಾದದ್ದು ನೀರು ಇಳಿದ ಮೇಲೆ.

2009ರ ಸೆಪ್ಟೆಂಬರ್ ಕೊನೆಗೆ ಹಿಡಿದ ಮಳೆಗೆ ಮಲಪ್ರಭೆ ಉಕ್ಕಿ ಗದಗ ಜಿಲ್ಲೆಯ ನರಗುಂದ, ರೋಣ ತಾಲ್ಲೂಕುಗಳ ಹೊಳೆದಂಡೆಯ ಹಳ್ಳಿಗಳಿಗೆ ನುಗ್ಗಿತು. ಬಳಿಕ ಸರ್ಕಾರ ದಾನಿಗಳ ನೆರವಿನಿಂದ ‘ಆಸರೆ’ ಮನೆಗಳನ್ನು ಕಟ್ಟಿಸಿತು, ನವಗ್ರಾಮಗಳು ಎದ್ದವು. ಆದರೂ ಎಷ್ಟೋ ಕುಟುಂಬಗಳು ಹಳೆಯ ಊರಲ್ಲೇ ಉಳಿದು, 2019ರ ಆಗಸ್ಟ್‌ನಲ್ಲಿ ಹೊಳೆ ಮತ್ತೆ ಬಂದಾಗ ಗಂಟುಮೂಟೆ ಹೊತ್ತು ಓಡಬೇಕಾಯಿತು. ದೂರದಿಂದ ನೋಡುವವರಿಗೆ ಇದು ಬರಿಯ ಹಟ.

ಕಪ್ಪು ಮಣ್ಣಿನ ಎರೆಸೀಮೆಯ ಮಾಳಿಗೆ ಮನೆಯ, ಅಂದರೆ ಮಣ್ಣಿನ ಮಟ್ಟಸ ಚಾವಣಿಯ ಮನೆಯ, ಒಳಹೊಕ್ಕವರಿಗೆ ಹಾಗೆನಿಸದು. ತಲೆಬಾಗಿಲು ದಾಟಿದೊಡನೆ ಸಿಗುವುದು ದನ ಕಟ್ಟುವ ಜಾಗ ಮತ್ತು ಅವಕ್ಕೆ ಮೇವು ಹಾಕುವ ಗ್ವಾದಲಿ. ಮೆಟ್ಟಿಲೇರಿದರೆ ಪಡಸಾಲೆ, ಅದರಾಚೆ ಬೆಳಕಿಂಡಿಯಿಂದ ಬಿಸಿಲು ಬೀಳುವ ಅಡುಗೆಮನೆ. ಎತ್ತಿನ ಉಸಿರು ಕೇಳುತ್ತ ಮಲಗಿದ ಮನೆತನಕ್ಕೆ ಮನುಷ್ಯರಿಗಷ್ಟೇ ಅಳೆದು ಕಟ್ಟಿದ ಪುಟ್ಟ ಮನೆ ಕೊಟ್ಟರೆ, ದನ ಎಲ್ಲಿ ಕಟ್ಟುವುದು, ಬಣವಿ ಎಲ್ಲಿ ಒಟ್ಟುವುದು, ಕೂರಿಗೆ ಕುಂಟೆಗಳನ್ನು ಎಲ್ಲಿಡುವುದು ಎಂಬ ಚಿಂತೆ ಮೊದಲ ರಾತ್ರಿಯೇ ಶುರುವಾಗುತ್ತದೆ. ಹೊಲ ಬೇರೆ ದೂರ. ಎತ್ತನ್ನು ಹೊರಗೆ ಕಿಟಕಿಯ ಸರಳಿಗೆ ಕಟ್ಟಿ, ಕಳ್ಳರ ಭಯಕ್ಕೆ ಮತ್ತೆ ಮತ್ತೆ ಎದ್ದು ನೋಡುವ ರೈತನ ಒಂದು ರಾತ್ರಿ ಸಾಕು. ಇಡೀ ಕಿರುಚಿತ್ರ ಅದರಲ್ಲಿದೆ.

ಅದಕ್ಕೆ ನಿರೂಪಕನ ಗದ್ಗದ ಕಂಠ ಬೇಡ, ಪಿಟೀಲೂ ಬೇಡ. ಗೋಡೆಯಾಚೆಯ ಗೆಜ್ಜೆಸರದ ಸಪ್ಪಳ, ಕದದ ಅಗುಳಿ ತೆಗೆಯುವ ಸದ್ದು ಇದ್ದರಾಯಿತು. ಬಾನುಲಿಯಲ್ಲಿ ಮಾತಾಡುವವನಿಗೆ ಶಬ್ದದ ಮೋಹ ಹೆಚ್ಚೆಂದು ನೀವು ನಗಬಹುದು, ನಗಿರಿ. ಅಂಕಿಸಂಖ್ಯೆಗಳನ್ನೂ ಪರದೆಗೆ ತರಬಾರದು. ಯುದ್ಧ, ಹಿಂಸೆಗಳಿಂದ ನೆಲೆ ಕಳೆದುಕೊಂಡವರು 2023ರ ಕೊನೆಗೆ ಜಗತ್ತಿನಲ್ಲಿ 11 ಕೋಟಿಗೂ ಹೆಚ್ಚೆಂದು ವಿಶ್ವಸಂಸ್ಥೆ ಲೆಕ್ಕ ಕೊಟ್ಟಿದೆ. ನೆರೆಗೆ ಊರು ಬಿಟ್ಟ ನಮ್ಮವರು ಆ ಲೆಕ್ಕದೊಳಗೆ ಬರುವುದೇ ಇಲ್ಲ.

ಚಿತ್ರ ಮುಗಿದ ಮೇಲೆ ಉತ್ಸವಗಳಿಗೆ ಕಳಿಸುವ ಮೊದಲು ನವಗ್ರಾಮದ ಶಾಲೆಯ ಬಯಲಲ್ಲಿ ಅದನ್ನು ತೋರಿಸಬೇಕು. ಎತ್ತು ಕಟ್ಟಿದ ಕುಣಿಕೆ ತಪ್ಪಾಗಿದ್ದರೆ ಅಲ್ಲಿ ಯಾರಾದರೂ ಎದ್ದು ಹೇಳಿಯೇ ಹೇಳುತ್ತಾರೆ. ಆಗ ಆ ದೃಶ್ಯವನ್ನು ಮತ್ತೊಮ್ಮೆ ತೆಗೆಯಬೇಕಾಗುತ್ತದೆ.