ನಾನ್ಯಾರು, ಗೊತ್ತಾಯ್ತಾ?

ಕೇಳುಗರಿಗೆ ನಮಸ್ಕಾರ.

ಮರೆವು ಬಂದ ಹಿರಿಯರನ್ನು ನೋಡಲು ಹೋದಾಗ ನಾವು ಮೊದಲು ಏನು ಕೇಳುತ್ತೇವೆ ಹೇಳಿ? ‘ನಾನ್ಯಾರು, ಗೊತ್ತಾಯ್ತಾ?’ ಅಂತ ಅಲ್ವಾ? ನನ್ನ ದೊಡ್ಡಮ್ಮನಿಗೆ ನಾನೂ ಎಷ್ಟೋ ಸಲ ಹೀಗೆ ಕೇಳಿದ್ದೇನೆ. ಅವರು ನನ್ನ ಮುಖವನ್ನೇ ನೋಡುತ್ತಿದ್ದರು. ಆಮೇಲೆ ಸೆರಗಿನ ಅಂಚು ಹಿಡಿದುಕೊಂಡು ತಲೆ ತಗ್ಗಿಸುತ್ತಿದ್ದರು. ನಾನು ಪ್ರೀತಿಯಿಂದಲೇ ಕೇಳಿದ್ದೆ. ಅವರಿಗೆ ಅದು ಪರೀಕ್ಷೆಯಾಗಿತ್ತು ಅಂತ ನನಗೆ ಹೊಳೆದದ್ದು ಚಿಲಿ ದೇಶದ ಒಂದು ಸಾಕ್ಷ್ಯಚಿತ್ರ ನೋಡಿದಾಗ.

ಅದನ್ನು ಮಾಡಿದವರು ಮೈತೆ ಅಲ್ಬೆರ್ದಿ. 1983ರಲ್ಲಿ ಹುಟ್ಟಿದವರು. ವಯಸ್ಸು ಚಿಕ್ಕದು, ಆದರೆ ಅವರ ಕ್ಯಾಮೆರಾ ಮತ್ತೆ ಮತ್ತೆ ಹೋಗಿ ಕೂರುವುದು ಮುದುಕರ ಪಕ್ಕದಲ್ಲೇ. 2014ರ ಚಿತ್ರದಲ್ಲಿ ಅವರ ಅಜ್ಜಿಯೂ ಅಜ್ಜಿಯ ಶಾಲೆಯ ಗೆಳತಿಯರೂ ಇದ್ದಾರೆ. ಅರವತ್ತು ವರ್ಷಗಳಿಂದ ತಿಂಗಳಿಗೊಮ್ಮೆ ಚಹಾಕ್ಕೆ ಸೇರುತ್ತಾ ಬಂದವರು. 2020ರ ಇನ್ನೊಂದು ಚಿತ್ರದಲ್ಲಿ 83 ವರ್ಷದ ಹಿರಿಯರೊಬ್ಬರು ಪತ್ತೇದಾರರಾಗಿ ವೃದ್ಧಾಶ್ರಮ ಸೇರುತ್ತಾರೆ. ಅಲ್ಲಿ ಅವರ ಕಣ್ಣಿಗೆ ಬೀಳುವ ದೊಡ್ಡ ನೋವು ಒಂಟಿತನ.

ನಾನು ಹೇಳಹೊರಟದ್ದು 2023ರ ‘ಲಾ ಮೆಮೋರಿಯಾ ಇನ್‌ಫಿನಿತಾ’ ಬಗ್ಗೆ. ಅಂದರೆ ಕೊನೆಯಿಲ್ಲದ ನೆನಪು. ಅದರಲ್ಲಿ ಗಂಡ ಅಗುಸ್ತೋ ಗೊಂಗೊರಾ, ಪತ್ರಕರ್ತ. ಹೆಂಡತಿ ಪೌಲಿನಾ ಉರ್ರುತಿಯಾ, ನಟಿ, ಒಂದು ಕಾಲದಲ್ಲಿ ಸಂಸ್ಕೃತಿ ಸಚಿವೆ. ಚಿಲಿಯನ್ನಾಳಿದ ಸೇನಾಧಿಕಾರಿ ಪಿನೋಚೆಯ ಸರ್ವಾಧಿಕಾರದಲ್ಲಿ ಟಿವಿ ತೋರಿಸದ ಸುದ್ದಿಯನ್ನು ಅಗುಸ್ತೋ ಮತ್ತು ಸಂಗಡಿಗರು ವಿಡಿಯೋ ಕ್ಯಾಸೆಟ್‌ಗಳಲ್ಲಿ ಕೈಯಿಂದ ಕೈಗೆ ದಾಟಿಸಿದರು. ದೇಶ ತನಗಾದ ಅನ್ಯಾಯವನ್ನು ಮರೆಯಬಾರದು ಅಂತ ಪುಸ್ತಕವನ್ನೂ ಬರೆದರು. ಅಂಥ ಮನುಷ್ಯನಿಗೆ 2014ರಲ್ಲಿ ಅಲ್ಜೈಮರ್, ಅಂದರೆ ಮರೆವಿನ ಕಾಯಿಲೆ ಇದೆ ಅಂತ ಗೊತ್ತಾಯಿತು. ಇದನ್ನು ಹೇಳುವಾಗ ಈಗಲೂ ನನ್ನ ಗಂಟಲು ಕಟ್ಟುತ್ತದೆ.

ಚಿತ್ರದಲ್ಲಿ ಪೌಲಿನಾ ಗಂಡನಿಗೆ ತನ್ನ ಪರಿಚಯ ತಾನೇ ಮಾಡಿಕೊಡುತ್ತಾರೆ. ಮೊದಲ ಸಲ ಭೇಟಿಯಾದವರ ಹಾಗೆ, ನಗುನಗುತ್ತಾ. ಅಗುಸ್ತೋ ಯಾರು, ಏನೇನು ಮಾಡಿದ್ದರು ಅಂತ ಅವರಿಗೇ ಹೇಳುತ್ತಾರೆ. ಪುಸ್ತಕ ಓದಿ ಹೇಳುತ್ತಾರೆ. ನಾಟಕದ ತಾಲೀಮಿಗೂ ಕರೆದುಕೊಂಡು ಹೋಗುತ್ತಾರೆ. ಎಷ್ಟೋ ಸಂಗತಿ ಅಳಿಸಿಹೋಗಿವೆ. ಆದರೆ ಸರ್ವಾಧಿಕಾರದಲ್ಲಿ ಕೊಲೆಯಾದ ಗೆಳೆಯನ ಮಾತು ಬಂದರೆ ಅಗುಸ್ತೋ ಅತ್ತುಬಿಡುತ್ತಾರೆ.

ಕೋವಿಡ್ ಬಂದಾಗ ಅಲ್ಬೆರ್ದಿ ಈ ಗಂಡ-ಹೆಂಡತಿಯ ಮನೆಗೆ ಹೋಗುವಂತಿರಲಿಲ್ಲ. ಕ್ಯಾಮೆರಾವನ್ನು ಪೌಲಿನಾ ಕೈಗೆ ಕೊಟ್ಟರು. ಪೌಲಿನಾಗೆ ಆ ಕೆಲಸ ರೂಢಿಯಿಲ್ಲ. ಕೆಲವು ದೃಶ್ಯಗಳು ಮಸುಕು ಮಸುಕು. ಬೇರೆ ನಿರ್ದೇಶಕರಾಗಿದ್ದರೆ ತೆಗೆದುಹಾಕುತ್ತಿದ್ದರೋ ಏನೋ, ಇವರು ಉಳಿಸಿಕೊಂಡರು. ರಾತ್ರಿ ಹೊತ್ತು ಗಾಬರಿಯಾಗುವ ಗಂಡ, ಪಕ್ಕದಲ್ಲೇ ಸಮಾಧಾನ ಮಾಡುವ ಹೆಂಡತಿ. ಅಲ್ಲಿ ಮೂರನೆಯವರಿಲ್ಲ. ಆ ಮಸುಕಿನಲ್ಲಿ ನನಗೆ ಎಲ್ಲಕ್ಕಿಂತ ಜಾಸ್ತಿ ಕಂಡಿತು.

2023ರ ಮೇ ತಿಂಗಳಲ್ಲಿ ಅಗುಸ್ತೋ ತೀರಿಕೊಂಡರು.

ಈಗ ದೊಡ್ಡಮ್ಮನ ಮನೆಗೆ ಹೋದರೆ ಬಾಗಿಲಲ್ಲೇ ನನ್ನ ಹೆಸರು ಹೇಳುತ್ತೇನೆ. ‘ದೊಡ್ಡಮ್ಮ, ನಾನು ನಿಮ್ಮ ತಂಗಿ ಮಗ’ ಅನ್ನುತ್ತೇನೆ. ಮೊನ್ನೆ ಅವರು ಸೆರಗು ಹಿಡಿದುಕೊಳ್ಳಲಿಲ್ಲ. ‘ಹೌದೇನಪ್ಪಾ? ಬಾ, ಕೂತ್ಕೋ. ಊಟ ಆಯ್ತಾ?’ ಅಂದರು.

ನಮಸ್ಕಾರ.